ಆಯಿತು ಎಂದ ಮೇಲಿನ ಮಾತು

ಮೂಡುಬಿದಿರೆ
೧೯ ಜನವರಿ ೨೦೨೫, ಭಾನುವಾರ

ಪ್ರೀತಿಯ ಸಮೀನಾ,

ಲಕೋಟೆಯ ಮೇಲಿನ ಅಕ್ಷರ ಕಂಡಾಗಲೇ ನಿನ್ನ ಹುಬ್ಬು ಮೇಲೇರಿರುತ್ತದೆ. ಹರಿದು ಹಾಕುವ ಮೊದಲು ಒಂದು ಪುಟವಾದರೂ ಓದು, ಆಮೇಲೆ ನಿನ್ನಿಷ್ಟ. ಎರಡು ವರ್ಷ ಎರಡು ತಿಂಗಳು ಸುಮ್ಮನಿದ್ದು ಈಗ ಕ್ಷೇಮಸಮಾಚಾರ ಕೇಳಲು ಹೊರಟ ನನ್ನ ದಪ್ಪ ಚರ್ಮಕ್ಕೆ ನಾನೇ ಬೆರಗಾಗಿದ್ದೇನೆ. ತಡವಾದದ್ದಕ್ಕೆ ಕಾರಣ ಬೇಕೆಂದರೆ ಕೈಗೆ ಏಟಾಗಿತ್ತು, ಕಣ್ಣಿಗೆ ಪೊರೆ ಬಂದಿತ್ತು ಎಂದೆಲ್ಲ ಹೇಳಬಹುದು. ಎರಡೂ ಸುಳ್ಳು. ಬರೆಯಲು ಕೂತದ್ದು ಆರು ಸಲ, ಅಂಚೆಗೆ ಹಾಕಿದ್ದು ಒಂದೂ ಇಲ್ಲ. ಫೋನಿನಲ್ಲಿ ಕಳಿಸಿದ ಹಬ್ಬದ ಶುಭಾಶಯಕ್ಕೆ ಎರಡು ನೀಲಿ ಗೆರೆ ಬಂತು, ಉತ್ತರ ಬರಲಿಲ್ಲ. ಓದಿದ್ದೀಯಲ್ಲ, ಅಷ್ಟಾದರೂ ಆಯಿತು ಎಂದುಕೊಂಡೆ.

ವಿಳಾಸ ಕೊಟ್ಟದ್ದು ನಿನ್ನ ತಂಗಿ ಫಾಹಿಮಾ. ಅವಳನ್ನು ಬೈಯಬೇಡ. ಹೋದ ಮಂಗಳವಾರ ಬಂಟ್ವಾಳ ಪೇಟೆಯಲ್ಲಿ ಎದುರಿಗೇ ಸಿಕ್ಕಳು. ನಾನು ಗುರುತಿಲ್ಲದವಳ ಹಾಗೆ ಔಷಧಿ ಅಂಗಡಿಯ ಕಡೆ ತಿರುಗಿದ್ದೆ, ಅವಳೇ ಬಂದು ಕೈ ಹಿಡಿದು ಮನೆಗೆ ಎಳೆದುಕೊಂಡು ಹೋದಳು. ಅಕ್ಕಿಯ ಪತ್ತಿರಿ ಮಾಡಿದ್ದಳು, ನಾಲ್ಕು ತಿಂದೆ. ನಿನ್ನ ಸುದ್ದಿ ಕೇಳಲು ನನಗೆ ಬಾಯಿ ಬರಲಿಲ್ಲ, ಅವಳೇ ಹೇಳಿದಳು. ಹಾಸನದಲ್ಲಿ ಮನೆ ಚೆನ್ನಾಗಿದೆಯಂತೆ, ಮಗಳು ಒಂಬತ್ತನೆಯ ಕ್ಲಾಸಂತೆ, ನೀನು ಒಂದು ಶಾಲೆಯ ಆಫೀಸಿನಲ್ಲಿ ಕೂರುತ್ತೀಯಂತೆ. ಆಮೇಲೆ ನಗುತ್ತಾ ಒಂದು ಮಾತು ಹೇಳಿದಳು. "ಅಕ್ಕನಿಗೆ ಈಗ ಹೊಸ ಮರುಳು ಶುರುವಾಗಿದೆ ಶುಭಕ್ಕ. ಬಾಗಿಲಿಗೆ ಬೀಗ ಹಾಕಿ ಗೇಟಿನವರೆಗೆ ಹೋಗಿ ಪುನಃ ಒಳಗೆ ಬರ್ತಾಳೆ, ಗ್ಯಾಸ್ ಬಂದ್ ಮಾಡಿದ್ದೇನಾ ಅಂತ. ಫ್ಯಾನ್, ಲೈಟು, ನಳ್ಳಿ, ಎಲ್ಲ ಎರಡೆರಡು ಸಲ ಮುಟ್ಟಿ ನೋಡುದು. ಭಾವ ತಮಾಷೆ ಮಾಡಿ ಮಾಡಿ ಸಾಕಾಗಿ ಬಿಟ್ಟಿದ್ದಾರೆ." ಅವಳು ನಕ್ಕಳೆಂದು ನಾನೂ ನಕ್ಕೆ. ತಟ್ಟೆಯಲ್ಲಿದ್ದ ಐದನೆಯ ಪತ್ತಿರಿ ಹಾಗೇ ಉಳಿಯಿತು.

ಇನ್ನು ನನ್ನ ಸುದ್ದಿ. ಸಾಕ್ಷ್ಯಚಿತ್ರ ಮಾಡುವುದು ಬಿಟ್ಟಿಲ್ಲ. ಬಿಟ್ಟರೆ ಬೇರೇನು ಮಾಡಲಿ, ಐವತ್ತನಾಲ್ಕರಲ್ಲಿ ಕಾಲೇಜಿಗೆ ಹಿಂತಿರುಗಿ ಪಾಠ ಹೇಳುತ್ತೇನೆಂದರೆ ಅವರು ತೆಗೆದುಕೊಳ್ಳಬೇಕಲ್ಲ. ಈಗ ತೋಡಾರಿನಲ್ಲಿ ಕೊಡೆ ರಿಪೇರಿ ಮಾಡುವ ಅಬೂಬಕ್ಕರ್ ಎನ್ನುವವರ ಮೇಲೆ ಒಂದನ್ನು ಶುರು ಮಾಡಿದ್ದೇನೆ. ಮಳೆಗಾಲದಲ್ಲಿ ಅವರಿಗೆ ತಲೆ ಎತ್ತಲು ಪುರುಸೊತ್ತಿಲ್ಲ. ಈಗ ಮಳೆಯಿಲ್ಲದ ದಿನಗಳಲ್ಲಿ ಮುರಿದ ಕೊಡೆಗಳಿಂದ ಕಡ್ಡಿ ಬಿಡಿಸಿ ನೆಟ್ಟಗೆ ಮಾಡಿ ಕಟ್ಟು ಕಟ್ಟಿಡುತ್ತಾರೆ. ಅವರದ್ದೊಂದು ಅಭ್ಯಾಸ, ಕಡ್ಡಿಯ ಮೇಲೆ ಸುತ್ತಿಗೆ ಬಡಿಯುವಾಗ ಮಾತ್ರ ಮಾತು. ಕೈ ನಿಂತರೆ ಬಾಯಿಯೂ ನಿಲ್ಲುತ್ತದೆ. ಮೂರು ದಿನ ಚಿತ್ರ ತೆಗೆದು ಮನೆಗೆ ಬಂದು ಕೇಳಿದರೆ ಟಣ್ ಟಣ್ ಎಂಬುದರ ಹೊರತು ಒಂದಕ್ಷರ ಇಲ್ಲ. ನೀನು ಮೈಕನ್ನು ಎಲ್ಲಿ ಹಿಡಿಯುತ್ತಿದ್ದೆಯೋ, ನನಗಂತೂ ಹೊಳೆಯಲಿಲ್ಲ. ಮೊದಲ ದಿನವೇ ಅವರು ಕೇಳಿದ್ದರು, "ನೀವು ಒಬ್ಬರೇಯಾ? ಶೂಟಿಂಗ್ ಅಂದ್ರೆ ಜನ ಇರ್ತಾರೆ ಅಂತ ನಾನು ಚಹಾಕ್ಕೆ ಹಾಲು ಜಾಸ್ತಿ ತರಿಸಿದ್ದೆ." ಜನ ಆಮೇಲೆ ಬರುತ್ತಾರೆ ಎಂದು ಸುಳ್ಳು ಹೇಳಿದೆ.

ಚಹಾ ಎಂದಾಗ ನೆನಪಾಯಿತು. ಡಿಸೆಂಬರಿನಲ್ಲಿ ಪುತ್ತೂರಿಗೆ ಹೋಗುತ್ತಾ ಕಲ್ಲಡ್ಕದಲ್ಲಿ ಇಳಿದು ನಮ್ಮ ಎಂದಿನ ಹೋಟೆಲಿಗೆ ಹೋಗಿದ್ದೆ. ಕೂತ ಕೂಡಲೇ ಬಾಯಿಂದ "ಎರಡು ಚಹಾ" ಎಂದು ಹೊರಟುಹೋಯಿತು. ಮಾಣಿ ಎರಡು ಗ್ಲಾಸು ತಂದಿಟ್ಟು ಎದುರಿನ ಕುರ್ಚಿಯ ಕಡೆ ನೋಡಿದ. ಒಂದು ವಾಪಸ್ ತೆಗೆದುಕೊಂಡು ಹೋಗು ಎನ್ನಲು ಅವಮಾನವಾಯಿತು. ಎರಡನ್ನೂ ಕುಡಿದೆ, ನಿನ್ನನ್ನು ಬೈಯುತ್ತಲೇ ಕುಡಿದೆ. ಪುತ್ತೂರು ಮುಟ್ಟುವವರೆಗೆ ಹೊಟ್ಟೆ ಉರಿಯುತ್ತಿತ್ತು.

ಪುತ್ತಿಗೆಯ ಶಾಲೆಯಲ್ಲಿ ಹೋದ ತಿಂಗಳು ಒಂದು ಪ್ರದರ್ಶನ ಇಟ್ಟೆ. ನಮ್ಮ ಹಳೆಯ ಚಿತ್ರ, ಬೀಡಿ ಕಟ್ಟುವ ಹೆಂಗಸರದ್ದು. ಹದಿನಾಲ್ಕು ಜನ ಬಂದಿದ್ದರು, ಅದರಲ್ಲಿ ಐದು ಮಕ್ಕಳು. ಮುಗಿದ ಮೇಲೆ ಏನಾದರೂ ಕೇಳುವುದಿದ್ದರೆ ಕೇಳಿ ಎಂದೆ. ಒಬ್ಬರು ಎದ್ದು, "ಇದರಲ್ಲಿ ಹಾಡು ಇಲ್ವಾ?" ಎಂದರು. ಇಲ್ಲ ಎಂದೆ. ಕೂತರು. ಎಲ್ಲರೂ ಹೋದ ಮೇಲೆ ಆ ಬಿಳಿ ಪರದೆಯನ್ನು ಮಡಚಬೇಕಲ್ಲ. ಹದಿನಾರು ವರ್ಷ ಆ ತುದಿ ನೀನು ಈ ತುದಿ ನಾನು ಹಿಡಿದು, ನಡುವೆ ಬಂದು ಮೂಲೆಗೆ ಮೂಲೆ ಸೇರಿಸಿ ಮಡಚಿದ ಬಟ್ಟೆ. ಒಬ್ಬಳೇ ಎಷ್ಟು ಕೈ ಚಾಚಿದರೂ ನೆಲಕ್ಕೆ ತಾಗುತ್ತದೆ. ಕೊನೆಗೆ ತರಗತಿಯ ನೆಲದ ಮೇಲೆ ಹಾಸಿ, ಮೊಣಕಾಲೂರಿ ಮಡಚಿದೆ. ಅಲ್ಲಿ ಸೀಮೆಸುಣ್ಣದ ಪುಡಿ ಬಿದ್ದಿತ್ತು, ಸೀರೆಯೆಲ್ಲ ಬಿಳಿಯಾಯಿತು. ಒಂಟಿತನ ಎನ್ನುವುದು ದೊಡ್ಡ ದೊಡ್ಡ ಸಂಗತಿಗಳಲ್ಲಿ ಬರುತ್ತದೆ ಎಂದುಕೊಂಡಿದ್ದೆ, ಹಾಗಲ್ಲ ಮಾರಾಯ್ತಿ.

ಈಗ ನಾನು ನಿಜವಾಗಿ ಬರೆಯಬೇಕಾದ್ದಕ್ಕೆ ಬರುತ್ತೇನೆ. ಫಾಹಿಮಾಳ ಮನೆಯಿಂದ ಹೊರಟವಳು ಮೂಡುಬಿದಿರೆಯ ಬಸ್ಸು ಹಿಡಿಯಲಿಲ್ಲ. ಬೆಳ್ತಂಗಡಿಯ ಬಸ್ಸು ಹತ್ತಿದೆ. ನಾವು ಚಿತ್ರ ತೆಗೆದಿದ್ದ ನೋಣಯ್ಯನವರ ತೋಡಿಗೆ ಹೋಗಿದ್ದೆ.

ಈ ಸಲವೂ ಕಟ್ಟ ಇಲ್ಲ, ಸಮೀನಾ. ಇದು ಮೂರನೆಯ ವರ್ಷ.

ಆ ಚಿತ್ರದ ಪ್ರತಿ ಪ್ರದರ್ಶನಕ್ಕೆ ಮೊದಲು ನಾನು ಹೇಳುತ್ತಿದ್ದ ನಾಲ್ಕು ಮಾತು ನಿನಗೆ ಬಾಯಿಪಾಠ. ಮಳೆ ನಿಂತು ತೋಡಿನ ನೀರು ಸಣ್ಣದಾದಾಗ ಎರಡೂ ದಡದ ಜನ ಸೇರಿ ಕಲ್ಲು, ಮಣ್ಣು, ಅಡಿಕೆ ಮರದ ಗೂಟ, ಸೋಗೆ ಹಾಕಿ ಅಡ್ಡ ಕಟ್ಟುತ್ತಾರೆ, ಅದೇ ಕಟ್ಟ, ಮೇ ತಿಂಗಳವರೆಗೆ ಎರಡೂ ಕಡೆಗೆ ನೀರು, ಮತ್ತೆ ಮಳೆ ಬಂದು ಅದನ್ನು ಒಯ್ಯುತ್ತದೆ, ಮುಂದಿನ ವರ್ಷ ಪುನಃ ಕಟ್ಟುತ್ತಾರೆ. ಇಷ್ಟು ಹೇಳಿ ನಾನು ದೀಪ ಆರಿಸುತ್ತಿದ್ದೆ. ಆ ತೋಡಿನಲ್ಲಿ ಮಾತ್ರ ಇದ್ದ ಒಂದು ಕ್ರಮವನ್ನು ನಾವು ಚಿತ್ರದ ನಡುವೆ ಇಟ್ಟಿದ್ದೆವು. ಎರಡೂ ಕಡೆಯಿಂದ ಕಟ್ಟುತ್ತಾ ಬಂದು ನಡುವಿನ ಒಂದು ಮಾರು ಅಗಲದ ಬಾಯಿ ಉಳಿದಾಗ ಎಲ್ಲರೂ ಮೇಲೆ ಹತ್ತುತ್ತಾರೆ. ಈ ದಡದಿಂದ ನೋಣಯ್ಯ, ಆ ದಡದಿಂದ ಕೃಷ್ಣಕುಮಾರ ಮಾಷ್ಟ್ರು, ಇಬ್ಬರೇ ನೀರಿಗಿಳಿದು ಎದುರುಬದುರು ನಿಂತು ಆ ಬಾಯಿ ಮುಚ್ಚುತ್ತಾರೆ. ಒಬ್ಬ ಮುಚ್ಚಿದರೆ ಆ ಕಟ್ಟ ನಿಲ್ಲುವುದಿಲ್ಲ ಎಂದು ನಂಬಿಕೆ. ಗೇಣಿಗೆ ದುಡಿದವರ ಮಗ ಒಬ್ಬರು, ಮೂವತ್ತು ವರ್ಷ ಮಕ್ಕಳಿಗೆ ಪಾಠ ಹೇಳಿದ ಭಟ್ಟರು ಇನ್ನೊಬ್ಬರು. ಇಬ್ಬರೂ ಸೊಂಟದವರೆಗೆ ಒದ್ದೆಯಾಗಿ ನಗುತ್ತಾ ನಿಂತದ್ದು ನಮ್ಮ ಹನ್ನೊಂದು ಚಿತ್ರಗಳಲ್ಲೇ ಒಳ್ಳೆಯ ದೃಶ್ಯ.

ಅದು ಸಾಕಿತ್ತು. ನನಗೆ ಸಾಕಾಗಲಿಲ್ಲ.

ನಿನ್ನ ಕೆಲಸದ ರೀತಿ ನನಗೆ ಯಾವಾಗಲೂ ಕಿರಿಕಿರಿ. ಮಾತು ಮುಗಿದ ಕೂಡಲೇ "ಆಯಿತು" ಎಂದು ಅಂಗೈ ಎತ್ತುವುದು, ಅವರ ಸೊಂಟದಲ್ಲಿದ್ದ ಮೈಕಿನ ಪೆಟ್ಟಿಗೆ ಆಫ್ ಮಾಡುವುದು, ಕಿವಿಯದ್ದು ತೆಗೆದು ಕುತ್ತಿಗೆಗೆ ಹಾಕಿಕೊಳ್ಳುವುದು. ಆಯಿತು ಎಂದ ಮೇಲೆಯೇ ಜನ ನಿಜ ಮಾತಾಡುವುದು, ಸ್ವಲ್ಪ ಹೊತ್ತು ಓಡುತ್ತಿರಲಿ ಎಂದು ನಾನು ಎಷ್ಟು ಸಲ ಹೇಳಿದ್ದೆ. "ಆಯಿತು ಅಂತ ಹೇಳಿದ ಮೇಲೆ ಆಯಿತು ಶುಭಕ್ಕ. ಇಲ್ಲದಿದ್ರೆ ಹೇಳ್ಲೇಬಾರದು" ಎನ್ನುತ್ತಿದ್ದೆ ನೀನು. ಆ ಒಂದು ದಿನ ಮಾತ್ರ ಪೆಟ್ಟಿಗೆ ಓಡುತ್ತಲೇ ಇತ್ತು. ನಾನು ಎಲೆಯಡಿಕೆ ಹಾಕುತ್ತಾ, ಮಾಷ್ಟ್ರಿಗೂ ನಿಮಗೂ ಯಾವತ್ತೂ ಜಗಳ ಆಗಿಲ್ಲವೇ ಎಂದು ನೋಣಯ್ಯನವರನ್ನು ಸುಮ್ಮನೆ ಕೇಳಿದವಳ ಹಾಗೆ ಕೇಳಿದೆ. ಅವರು ಹೇಳಿದ್ದು ನನಗೆ ನಿದ್ದೆಯಲ್ಲೂ ಬರುತ್ತದೆ.

"ಜಗಳ ಎಂತಕ್ಕೆ? ಮಧ್ಯಾಹ್ನದವರೆಗೆ ನೀರು ನನಗೆ, ಮತ್ತೆ ಅವರಿಗೆ. ನಾನು ಗಂಜಿ ಉಣ್ಲಿಕ್ಕೆ ಮನೆಗೆ ಹೋಗ್ತೇನಲ್ಲ, ಆಗ ಮಾಷ್ಟ್ರು ಬಂದು ನನ್ನ ಪಾಲಿನ ಹೊತ್ತಿನಲ್ಲೇ ಅವರ ಕಡೆಗೆ ನೀರು ಬಿಡುವ ಹಲಗೆ ಎತ್ತುತ್ತಾರೆ. ಹದಿನೆಂಟು ವರ್ಷ ಆಯಿತು. ನನಗೆ ಗೊತ್ತುಂಟು. ಅವರ ತೋಟದ ಕೊನೆಗೆ ನೀರು ಮುಟ್ಟುದಿಲ್ಲ. ಮಾಷ್ಟ್ರಲ್ವಾ, ಕೇಳ್ಲಿಕ್ಕೆ ನಾಚಿಕೆ. ಹಾಗೆ ನಾನು ಗಂಜಿಗೆ ಕೂತವ ಬೇಗ ಏಳುದಿಲ್ಲ."

ಎಡಿಟಿಂಗಿನಲ್ಲಿ ಇದು ಬಂದಾಗ ನಿನ್ನ ಮುಖ ಬಿಳಿಚಿಕೊಂಡಿತ್ತು. "ನಾನು ಆಫ್ ಮಾಡಿದ್ದೆ ಅಂತ ನನ್ನ ನೆನಪು" ಎಂದೆ ನೀನು. ಆಮೇಲೆ, "ಇದು ನಮಗೆ ಹೇಳಿದ್ದಲ್ಲ ಶುಭಕ್ಕ, ತೆಗೀರಿ" ಎಂದೆ. ನಾನು ತೆಗೆಯಲಿಲ್ಲ. ಇದೇ ಚಿತ್ರದ ಜೀವ ಎಂದೆ, ನೋಣಯ್ಯನವರ ದೊಡ್ಡತನ ಇದರಲ್ಲೇ ಇದೆ ಎಂದೆ, ಹೊರಗೆ ತೋರಿಸಿದ ಕಡೆಯಲ್ಲೆಲ್ಲ ಜನ ಆ ಮಾತಿಗೇ ಚಪ್ಪಾಳೆ ತಟ್ಟಿದ್ದನ್ನು ನಿನಗೆ ಲೆಕ್ಕ ಹಾಕಿ ಹೇಳಿದೆ. ಅದೆಲ್ಲ ನಿಜವೂ ಹೌದು. ಆದರೆ ಚಪ್ಪಾಳೆ ತಟ್ಟಿದವರು ಯಾರೂ ಮಾಷ್ಟ್ರ ಊರಿನವರಲ್ಲ.

ಊರಿನಲ್ಲಿ ತೋರಿಸಿದ ಸಂಜೆಯನ್ನು ನಿನಗೆ ನೆನಪಿಸಬೇಕಾಗಿಲ್ಲ. ಮಾಷ್ಟ್ರು ಪಾಠ ಹೇಳಿದ ಅದೇ ಶಾಲೆಯ ಅಂಗಳ, ಮುಂದಿನ ಸಾಲಿನ ಕುರ್ಚಿಯಲ್ಲಿ ಅವರು, ಹಿಂದೆ ಅವರ ಶಿಷ್ಯರು. ನೋಣಯ್ಯನವರ ಮಾತಿಗೆ ಜನ ಗೊಳ್ಳೆಂದು ನಕ್ಕರು. ಕೆಟ್ಟ ನಗುವಲ್ಲ, ಪ್ರೀತಿಯದ್ದೇ. ಮಾಷ್ಟ್ರು ಎದ್ದು ಶಾಲು ಸರಿಮಾಡಿಕೊಂಡು ಯಾರ ಮುಖವನ್ನೂ ನೋಡದೆ ಗೇಟು ದಾಟಿದರು. ಕದ್ದದ್ದು ತಿಳಿಯಿತೆಂದಲ್ಲ, ಹದಿನೆಂಟು ವರ್ಷವೂ ಅದು ಎದುರಿನವನಿಗೆ ತಿಳಿದಿತ್ತು, ಅವನು ಕರುಣೆಯಿಂದ ಗಂಜಿಯನ್ನು ನಿಧಾನ ಉಣ್ಣುತ್ತಿದ್ದ ಎಂಬುದನ್ನು ಅವರು ತಡೆದುಕೊಳ್ಳಲಾರದೆ ಹೋದರು. ಅವರ ಮಗ ಶಶಾಂಕ ಪರದೆಯ ಮುಂದೆ ಬಂದು, "ಆ ಮೈಕು ಬಂದ್ ಮಾಡದೆ ಕದ್ದು ತೆಗೆದದ್ದು ಯಾರು? ಹೇಳಿ" ಎಂದಾಗ ನೀನು ಮುಂದೆ ಹೋಗಿ ನಿಂತೆ. "ನನ್ನ ತಪ್ಪು. ನಾನು ಆಫ್ ಮಾಡ್ಲಿಕ್ಕೆ ಮರೆತೆ" ಎಂದೆ. ಎಲ್ಲರೆದುರು ಕೈ ಮುಗಿದೆ. ನಾನು ಪ್ರೊಜೆಕ್ಟರ್ ಹತ್ತಿರ ನಿಂತಿದ್ದೆ. ನಿನ್ನ ಪಕ್ಕಕ್ಕೆ ಬಂದು, ಮರೆವು ಇವಳದ್ದಾದರೂ ಅದನ್ನು ಚಿತ್ರದಲ್ಲಿ ಇಟ್ಟದ್ದು ನಾನು ಎನ್ನಬೇಕಿತ್ತು. ಎನ್ನಲಿಲ್ಲ. ಮರುದಿನ ನೀನು ನಿನ್ನ ಹೆಡ್‌ಫೋನು, ಮೈಕು, ಪೆಟ್ಟಿಗೆ ಎಲ್ಲ ನನ್ನ ಜಗಲಿಯಲ್ಲಿಟ್ಟು ಹೋದೆ. ನಿನ್ನ ಗಂಡನಿಗೆ ಹಾಸನಕ್ಕೆ ವರ್ಗವಾದದ್ದು ಅದಾಗಿ ಎರಡು ವಾರಕ್ಕೆ. ನೀನು ಊರು ಬಿಟ್ಟದ್ದಕ್ಕೆ ಅದೇ ಕಾರಣ ಎಂದು ಕೇಳಿದವರಿಗೆಲ್ಲ ಹೇಳುತ್ತಾ ಬಂದಿದ್ದೇನೆ.

ಮಂಗಳವಾರ ಮೊದಲು ಮಾಷ್ಟ್ರ ಮನೆಗೇ ಹೋದೆ. ಓಡಿಸುತ್ತಾರೆ ಎಂದುಕೊಂಡಿದ್ದೆ. ಕುರ್ಚಿ ಕೊಟ್ಟರು, ಕಾಫಿ ತರಿಸಿದರು. ಬೋರ್‌ವೆಲ್ ತೆಗೆಸಿದ್ದಾರೆ, ನೀರಿಗಿಂತ ಕೆಂಪು ಕೆಸರೇ ಹೆಚ್ಚಂತೆ. ನಾನು ಕ್ಷಮೆ ಕೇಳಲು ಬಾಯಿ ತೆರೆದಾಗ ಅವರು ಕೈ ಅಡ್ಡ ಹಿಡಿದು, ತರಗತಿಯಲ್ಲಿ ಹೇಳುವ ಹಾಗೆ ನಿಧಾನವಾಗಿ ಹೇಳಿದರು. "ನೀವು ಸುಳ್ಳು ತೋರಿಸಿದ್ದಲ್ಲ. ಇದ್ದದ್ದನ್ನೇ ತೋರಿಸಿದ್ದು. ಹಾಗಾಗಿ ನಿಮಗೆ ಬೈಲಿಕ್ಕೂ ನನಗೆ ದಾರಿ ಇಲ್ಲ." ನಾನು ಕಾಫಿಯ ಲೋಟ ಕೆಳಗಿಟ್ಟಾಗ, "ನೋಣಯ್ಯ ಸೌಖ್ಯವಾ?" ಎಂದು ಕೇಳಿದರು. ಎದುರಿನ ದಡ, ಕೂಗಿದರೆ ಕೇಳುವಷ್ಟು ಹತ್ತಿರ. ಅದನ್ನು ಬೆಳ್ತಂಗಡಿ ಬಸ್ಸಿನಲ್ಲಿ ಬಂದ ನನ್ನಲ್ಲಿ ಕೇಳಿದರು.

ತೋಡಿಗಿಳಿದರೆ ನೋಣಯ್ಯನವರು ನೀರಿನಲ್ಲಿದ್ದರು. ಎಪ್ಪತ್ನಾಲ್ಕು ಈಗ ಅವರಿಗೆ. ತನ್ನ ಕಡೆಯ ಅರ್ಧ ಕಟ್ಟವನ್ನು ಒಬ್ಬರೇ ಕಟ್ಟಿದ್ದಾರೆ. ಗೂಟ ಹೊಡೆದು, ಸೋಗೆ ಹೆಣೆದು, ಮಣ್ಣು ಮೆತ್ತಿ, ನಡುವಿನವರೆಗೆ ತಂದು ನಿಲ್ಲಿಸಿದ್ದಾರೆ. ಅಲ್ಲಿಂದಾಚೆ ಏನೂ ಇಲ್ಲ, ನೀರು ಆ ಕಡೆಯಿಂದ ಹರಿದು ಹೋಗುತ್ತದೆ. ಇದರಿಂದ ಏನು ಪ್ರಯೋಜನ ಎಂದು ಕೇಳಿದೆ. "ಪ್ರಯೋಜನ ಎಂತದೂ ಇಲ್ಲ. ಅವರ ಕಡೆಯದ್ದು ನಾನು ಕಟ್ಟಿದ್ರೆ ಅವರಿಗೆ ಇನ್ನೂ ನಾಚಿಕೆ ಆಗ್ತದೆ. ನನ್ನದು ನಾನು ಕಟ್ಟದಿದ್ರೆ, ಬರುದು ಬೇಡ ಅಂತ ಹೇಳಿದ ಹಾಗೆ ಆಗ್ತದೆ" ಎಂದರು. ಹೋದ ವರ್ಷವೂ ಹಾಗೇ ಮಾಡಿದ್ದರಂತೆ, ಅದರ ಹಿಂದಿನ ವರ್ಷವೂ. ನಾನು ಹೊತ್ತುಕೊಂಡು ಹೋಗಿದ್ದ ಕ್ಯಾಮೆರಾವನ್ನು ಚೀಲದಿಂದ ಹೊರಗೆ ತೆಗೆಯಲಿಲ್ಲ. ಹದಿನೆಂಟು ವರ್ಷದ ಕೆಲಸದಲ್ಲಿ ಹಾಗಾದದ್ದು ಅದೇ ಮೊದಲು. ಸೀರೆ ಎತ್ತಿ ಕಟ್ಟಿ, ಸಂಜೆಯವರೆಗೆ ಮಣ್ಣು ತುಂಬಿಸಿ ಕೊಟ್ಟೆ. ಬೆನ್ನು ಇನ್ನೂ ನೋಯುತ್ತಿದೆ.

ಸಮೀನಾ, ನೇರವಾಗಿ ಕೇಳುತ್ತೇನೆ. ನೀನು ಬಾ. ಫೆಬ್ರವರಿಯಲ್ಲಿ ಒಂದು ಹತ್ತು ದಿನ. ಕೊಡೆಯ ಚಿತ್ರಕ್ಕೆ ನಿನ್ನ ಕಿವಿ ಬೇಕು ಎಂಬುದು ಒಂದು. ಅದಕ್ಕಿಂತ ದೊಡ್ಡದು, ನಾವಿಬ್ಬರೂ ಒಟ್ಟಿಗೆ ಆ ಎರಡು ಮನೆಗೆ ಹೋಗಬೇಕು. ಕಟ್ಟಕ್ಕೆ ಈ ವರ್ಷದ ಹೊತ್ತು ಇನ್ನೂ ಪೂರ್ತಿ ಮೀರಿಲ್ಲ. ನಾನು ಒಬ್ಬಳೇ ಹೋದರೆ ಮಾಷ್ಟ್ರು ಕಾಫಿ ಕೊಟ್ಟು ಕಳಿಸುತ್ತಾರೆ. ನೀನಿದ್ದರೆ ಮಾತು ಬೇರೆ, ನಿನ್ನನ್ನು ಕಂಡರೆ ಅವರಿಗೆ ಮೊದಲಿಂದಲೂ ಮಗಳ ಹಾಗೆ. ಆದ ಮರೆವಿಗೆ ಎರಡು ವರ್ಷ ಶಿಕ್ಷೆ ಅನುಭವಿಸಿದ್ದು ಸಾಕು. ಅದನ್ನು ನಾನು ಯಾವತ್ತೂ ದೊಡ್ಡದು ಮಾಡಿಲ್ಲ, ನೀನೂ ಮಾಡಬೇಡ. ಮೈಕಿನ ಪೆಟ್ಟಿಗೆಯ ಬ್ಯಾಟರಿಯನ್ನು ತಿಂಗಳಿಗೊಮ್ಮೆ ತೆಗೆದು ಒರೆಸಿ ಇಡುತ್ತಿದ್ದೇನೆ, ಹೆಡ್‌ಫೋನಿನ ದಿಂಬು ಮಾತ್ರ ಇಲಿ ತಿಂದಿದೆ.

ಶೂಟಿಂಗಿನ ದಿನಗಳಲ್ಲಿ ನೀನು ಮಲಗುತ್ತಿದ್ದ ಕೋಣೆಯ ಕಿಟಕಿಗೆ ಹೊಸ ಪರದೆ ಹಾಕಿಸಿದ್ದೇನೆ. ನನ್ನ ಗೊರಕೆ ನಿನಗೆ ಕೇಳುವುದಿಲ್ಲ ಎಂದು ಮಾತು ಕೊಡಲಾರೆ. ಬೆಳಿಗ್ಗೆ ಕಾಫಿ ಮಾಡುವವಳು ನಾನು, ಪಾತ್ರೆ ತೊಳೆಯುವವಳು ನೀನು, ಹಿಂದಿನ ಹಾಗೇ. ಎರಡು ವರ್ಷದಿಂದ ಈ ಮನೆಯಲ್ಲಿ ನನ್ನ ಮಾತಿಗೆ ಎದುರು ಮಾತಾಡಿದವರು ಯಾರೂ ಇಲ್ಲ. ಮನುಷ್ಯರು ಹೀಗೆ ಬದುಕಬಾರದು, ಕೆಟ್ಟುಹೋಗುತ್ತಾರೆ. ನಾನು ಕೆಟ್ಟಿದ್ದೇನೆ.

ನಿನ್ನ ಯಜಮಾನರಿಗೆ ನನ್ನ ನಮಸ್ಕಾರ. ಮಗಳಿಗೆ ಆಶೀರ್ವಾದ, ಗಣಿತಕ್ಕೆ ಹೆದರಬೇಡ ಎಂದು ಹೇಳು, ಅವಳ ಅಮ್ಮನಿಗೂ ಬರುತ್ತಿರಲಿಲ್ಲ. ನೀನು ನನಗಿಂತ ಹನ್ನೊಂದು ವರ್ಷ ಸಣ್ಣವಳು, ಆದ್ದರಿಂದ ಹಕ್ಕಿನಿಂದಲೇ ಹರಸುತ್ತೇನೆ. ನಿನಗೆ ಒಳ್ಳೆಯ ನಿದ್ದೆ ಬರಲಿ, ಮನೆ ತುಂಬ ಮಾತಿರಲಿ, ನಿನ್ನ ಕೈ ಹಿಡಿದ ಕೆಲಸ ಯಾವುದೂ ನಿನ್ನನ್ನು ತಲೆತಗ್ಗಿಸುವ ಹಾಗೆ ಮಾಡದಿರಲಿ.

ಎಂದಿನಂತೆ ನಿನ್ನ,
ಶುಭಶ್ರೀ

ಹಿಂಬರಹ, ಸೋಮವಾರ: ಲಕೋಟೆಗೆ ನಿನ್ನೆಯೇ ಅಂಟು ಹಚ್ಚಿದ್ದೆ. ಇವತ್ತು ಬೆಳಿಗ್ಗೆ ಪುನಃ ಬಿಡಿಸಿದೆ. ಹಿಂದಿನ ಆರು ಕಾಗದಗಳನ್ನು ಹರಿದದ್ದು ಈ ಜಾಗಕ್ಕೆ ಬಂದಾಗಲೇ.

ಮಂಗಳವಾರ ನೋಣಯ್ಯನವರು ಬಸ್ಸಿನ ದಾರಿಯವರೆಗೆ ನನ್ನ ಜೊತೆ ಬಂದಿದ್ದರು. "ಆ ಮೈಕಿನ ಹುಡುಗಿ ಈಗ ಎಲ್ಲಿದ್ದಾಳೆ?" ಎಂದು ಕೇಳಿದರು. ಹಾಸನದಲ್ಲಿ, ಕೆಲಸ ಬಿಟ್ಟಿದ್ದಾಳೆ ಎಂದೆ. ಬಸ್ಸಿನ ದಾರಿ ಕಾಣುವಲ್ಲಿ ನಿಂತರು. ಆಮೇಲೆ ಹೇಳಿದರು. "ಅವಳು ಅವತ್ತು ಬಂದ್ ಮಾಡಿದ್ದಾಳೆ. ಟಿಕ್ ಅಂತ ಶಬ್ದ ಆದದ್ದು ನನಗೆ ಕೇಳಿದೆ. ಅವಳು ಕೈ ತೊಳೀಲಿಕ್ಕೆ ನೀರಿಗೆ ಇಳಿದ ಮೇಲೆ ನೀವು ನನ್ನ ಸೊಂಟಕ್ಕೆ ಸುತ್ತಿದ ಬೈರಾಸು ಸರಿ ಮಾಡ್ಲಿಕ್ಕೆ ಬಂದಿರಿ. ಆಗ ಇನ್ನೊಂದು ಸಲ ಟಿಕ್ ಅಂತು. ಅದು ಎಂತದು ಅಂತ ನನಗೆ ಅವತ್ತು ತಿಳೀಲಿಲ್ಲ. ಶಾಲೆಯಲ್ಲಿ ನನ್ನ ಮಾತನ್ನು ನಾನೇ ಕೇಳಿದಾಗ ತಿಳೀತು." ಹಾಗಾದರೆ ಆಗಲೇ ಎಲ್ಲರೆದುರು ಯಾಕೆ ಹೇಳಲಿಲ್ಲ ಎಂದೆ. "ನೀವು ಹೇಳ್ತೀರಿ ಅಂತ ಕಾದೆ" ಎಂದರು.

ಸ್ವಿಚ್ಚು ಒ‌ತ್ತಿದ್ದು ನಾನು, ಸಮೀನಾ. ಬೈರಾಸಿನ ನೆಪದಲ್ಲಿ. ಎಡಿಟಿಂಗಿನಲ್ಲಿ ನೀನು ಬಿಳಿಚಿಕೊಂಡಾಗ, "ನೀನು ಮರೆತದ್ದು ಒಳ್ಳೆಯದೇ ಆಯಿತು ಬಿಡು" ಎಂದು ನಗುತ್ತಾ ಹೇಳಿದವಳೂ ನಾನೇ. ನೀನು ಒಂದೇ ಮಾತಿಗೆ ನಂಬಿದೆ. ನಿನ್ನ ಕೈ ಮಾಡಿದ್ದನ್ನು ನಂಬದೆ ನನ್ನ ಬಾಯಿ ಹೇಳಿದ್ದನ್ನು ನಂಬಿದೆ. ಶಾಲೆಯ ಅಂಗಳದಲ್ಲಿ ನೀನು ಕೈ ಮುಗಿಯುವಾಗ ನನಗೆ ಎಲ್ಲ ಗೊತ್ತಿತ್ತು.

ಮಾಷ್ಟ್ರಿಗೂ ಶಶಾಂಕನಿಗೂ ಇದನ್ನೇ ಬರೆದ ಇನ್ನೊಂದು ಕಾಗದ ಇವತ್ತು ಇದರ ಜೊತೆಗೇ ಅಂಚೆಗೆ ಹೋಗುತ್ತದೆ. ಮೇಲೆ ಫೆಬ್ರವರಿಗೆ ಬಾ ಎಂದು ಬರೆದದ್ದನ್ನು ಹೊಡೆದು ಹಾಕಿಲ್ಲ, ಆದರೆ ಅದು ಈ ಸಾಲುಗಳನ್ನು ಬರೆಯುವ ಮೊದಲಿನ ಮಾತು. ನೀನು ಬರಬೇಕಾಗಿಲ್ಲ, ಉತ್ತರವನ್ನೂ ಬರೆಯಬೇಕಾಗಿಲ್ಲ. ಇದೊಂದನ್ನು ಮಾತ್ರ ನಂಬು. ಆ ದಿನ ನೀನು ಆಫ್ ಮಾಡಿದ್ದೆ.